ಮ್ಯಾಕ್ರೋ (ಗಣಕ ನೆರವಿನ ತಯಾರಿಕೆ)

ಗಣಕ ನೆರವಿನ ತಯಾರಿಕಾ ತಂತ್ರಾಂಶದಲ್ಲಿ ಪದೇ ಪದೇ ಕೊಡಬೇಕಾದ ಆದೇಶಗಳನ್ನು ದಾಖಲಿಸಿಟ್ಟು ಒಂದೇ ಬಾರಿಗೆ ನಡೆಸುವ ಕಿರು ಕ್ರಮವಿಧಿಯನ್ನು ಮ್ಯಾಕ್ರೋ ಎನ್ನುತ್ತಾರೆ. ಮುಕ್ತ ತಂತ್ರಾಂಶವಾದ ಫ್ರೀಕ್ಯಾಡ್‌ನಲ್ಲಿ ಇದು ಪೈಥಾನ್ ಭಾಷೆಯ ಸಾಲುಗಳಾಗಿ ದಾಖಲಾಗುತ್ತದೆ.

ದಾಖಲೆಯು ಕೆಲಸದ ಉದ್ದೇಶವನ್ನು ಅರಿಯದು. ಕೈಯಿಂದ ನಮೂದಿಸಿದ ಅಂಕಿಗಳು ಹಾಗೆಯೇ ಉಳಿಯುತ್ತವೆ. ಉದಾಹರಣೆಗೆ, 10 ಮಿ.ಮೀ. ದಪ್ಪದ ಫಲಕದಲ್ಲಿ ರಂಧ್ರ ಕೊರೆಯಲು ದಾಖಲಿಸಿದ ಮ್ಯಾಕ್ರೋವನ್ನು 6 ಮಿ.ಮೀ. ಫಲಕಕ್ಕೆ ಬಳಸಿದರೆ, ಡ್ರಿಲ್ 4 ಮಿ.ಮೀ. ಹೆಚ್ಚು ಇಳಿದು ಯಂತ್ರದ ಮೇಜನ್ನೇ ಕೊರೆಯಬಹುದು. ಆದುದರಿಂದ ಅಂಕಿಗಳ ಸ್ಥಾನದಲ್ಲಿ ಚರಾಕ್ಷರಗಳನ್ನಿಟ್ಟು, ಆಳವನ್ನು ಮಾದರಿಯಿಂದಲೇ ಓದುವಂತೆ ಸಾಲುಗಳನ್ನು ತಿದ್ದಬೇಕು. ತಿದ್ದಿದ ಮೇಲೂ ಸಿಮ್ಯುಲೇಷನ್‌ನಲ್ಲಿ ಡ್ರಿಲ್‌ನ ಪಥವನ್ನು ಪರಿಶೀಲಿಸುವುದು ಅಗತ್ಯ.

ಫ್ಯಾನಕ್ ನಿಯಂತ್ರಕಗಳಲ್ಲಿ ಜಿ65 ಆದೇಶದಿಂದ ಕರೆಯುವ ಮ್ಯಾಕ್ರೋ ಬೇರೆಯದು. ಹೆಸರು ಒಂದೇ ಆದರೂ ಅದು ತಂತ್ರಾಂಶದಲ್ಲಲ್ಲ, ಸಿಎನ್‌ಸಿ ಯಂತ್ರದ ನಿಯಂತ್ರಕದಲ್ಲಿಯೇ ನಡೆಯುತ್ತದೆ.