ಬಿಸಿನೀರಿನ ಊರಲ್ಲಿ ಜಗತ್ತಿನ ಅನ್ನದ ಲೆಕ್ಕ

ಬಾತ್ ಕೌಂಟಿ ಅಂದ ಕೂಡಲೇ ಬಿಸಿಬೇಳೆ ಬಾತ್ ನೆನಪಾದರೆ ತಪ್ಪು ನಿಮ್ಮದಲ್ಲ. ಆದರೆ ಇದು ಸ್ನಾನದ ಬಾತ್, ಸ್ವಾಮಿ! ಅಮೆರಿಕದ ವರ್ಜೀನಿಯಾ ರಾಜ್ಯದ ಪಶ್ಚಿಮದ ಅಂಚಿನಲ್ಲಿ, ಅಲೆಘೆನಿ ಬೆಟ್ಟಸಾಲಿನ ನಡುವೆ ಇರುವ ಸೀಮೆ. ಕೌಂಟಿ ಅಂದರೆ ನಮ್ಮ ಒಂದು ತಾಲ್ಲೂಕು ಅಂತ ಇಟ್ಟುಕೊಳ್ಳಿ. 1790ರಲ್ಲಿ ಅಕ್ಕಪಕ್ಕದ ಕೌಂಟಿಗಳಿಂದ ತುಂಡು ಕತ್ತರಿಸಿ ಇದನ್ನು ಮಾಡಿದರು. 2020ರ ಜನಗಣತಿಯಲ್ಲಿ ಲೆಕ್ಕಕ್ಕೆ ಸಿಕ್ಕವರು 4,200 ಚಿಲ್ಲರೆ ಜನ. ನಮ್ಮಲ್ಲಿ ಸಂತೆಯ ದಿನ ಬಸ್ ಸ್ಟ್ಯಾಂಡಿನಲ್ಲೇ ಅಷ್ಟು ಜನ ಸೇರ್ತಾರೆ. ಉಳಿದಿದ್ದೆಲ್ಲ ಕಾಡು, ಬೆಟ್ಟ, ಹೊಳೆ.

ಇಷ್ಟು ಸಣ್ಣ ಸೀಮೆಗೆ ಹೆಸರು ತಂದಿದ್ದು ನೆಲದೊಳಗಿನ ನೀರು. ಒಂದೇ ರಸ್ತೆಯ ಮೇಲೆ ಮೂರು ಊರು: ವಾರ್ಮ್ ಸ್ಪ್ರಿಂಗ್ಸ್, ಹಾಟ್ ಸ್ಪ್ರಿಂಗ್ಸ್, ಹೀಲಿಂಗ್ ಸ್ಪ್ರಿಂಗ್ಸ್. ಬೆಚ್ಚನೆಯ ಬುಗ್ಗೆ, ಬಿಸಿ ಬುಗ್ಗೆ, ವಾಸಿ ಮಾಡುವ ಬುಗ್ಗೆ! ಹೆಸರಿನಲ್ಲೇ ಜಾಹೀರಾತು ಮುಗಿದುಹೋಯಿತು. ಅಲ್ಲಿ ಜ್ವಾಲಾಮುಖಿ ಏನಿಲ್ಲ. ಬೆಟ್ಟದ ಮೇಲೆ ಬಿದ್ದ ಮಳೆ ಬಂಡೆಯ ಬಿರುಕುಗಳಲ್ಲಿ ಆಳಕ್ಕೆ ಇಳಿಯುತ್ತದೆ. ಅಲ್ಲಿ ಭೂಮಿಯ ಕಾವು ಹಿಡಿದು, ಕಲ್ಲಿನ ಖನಿಜಗಳನ್ನು ಕರಗಿಸಿಕೊಂಡು ಮತ್ತೆ ಮೇಲೆ ಬರುತ್ತದೆ. ವಾರ್ಮ್ ಸ್ಪ್ರಿಂಗ್ಸ್‌ನ ಕೊಳದ ನೀರು ಹೆಚ್ಚು ಕಡಿಮೆ ನಮ್ಮ ಮೈಯ ಕಾವಿನಷ್ಟೇ ಬಿಸಿ.

ರಾಷ್ಟ್ರಪತಿಗೆ ಕುರು!

1818ರ ಆಗಸ್ಟ್‌ನಲ್ಲಿ ಇಲ್ಲಿಗೆ ಬಂದವರಲ್ಲಿ ಮಾಜಿ ರಾಷ್ಟ್ರಪತಿ ಥಾಮಸ್ ಜೆಫರ್ಸನ್ ಒಬ್ಬರು. ವಯಸ್ಸು 75, ಕೀಲುನೋವಿನ ಕಾಟ. ದಿನಾ ಕೊಳಕ್ಕಿಳಿದು ಕೂತರು. ನೋವು ಹೋಗುವುದಿರಲಿ, ಮೈಮೇಲೆ ಕುರು ಎದ್ದು ಮನೆಗೆ ಮರಳುವುದೇ ಕಷ್ಟವಾಯಿತು. ಆದರೂ ಮುಂದೆ ಆ ಕೊಳಗಳಿಗೆ ಬಹುಕಾಲ ಅವರ ಹೆಸರೇ ನಡೆಯಿತು. ವ್ಯಾಪಾರ ಅಂದರೆ ಹಾಗೇ. ದೊಡ್ಡವರು ಬಂದು ಹೋದರೆ ಸಾಕು, ವಾಸಿಯಾಯಿತೋ ಇಲ್ಲವೋ ಕೇಳುವವರಾರು?

ದೊಡ್ಡವರ ಹೆಸರಷ್ಟೇ ಉಳಿಯಿತು. ಅವರ ಪೆಟ್ಟಿಗೆ ಹೊತ್ತವರು, ನೀರು ತಂದವರು, ಅಡಿಗೆ ಬೇಯಿಸಿದವರು ಗುಲಾಮರಾಗಿದ್ದ ಕರಿಯ ಜನ. ಗುಲಾಮಗಿರಿ ಹೋದ ಮೇಲೂ ಹೋಟೆಲುಗಳ ದುಡಿಮೆಯ ಭಾರ ಅವರ ಮೇಲೇ ಇತ್ತು. ಅತಿಥಿಯಾಗಿ ರೂಮು ಹಿಡಿಯುವ ಭಾಗ್ಯ ಮಾತ್ರ ಇರಲಿಲ್ಲ. ಹೋಟೆಲುಗಳಲ್ಲಿ ಬಣ್ಣಭೇದ ಮಾಡಬಾರದು ಅಂತ ಇಡೀ ದೇಶಕ್ಕೆ ಕಾನೂನು ಬಂದದ್ದು 1964ರಲ್ಲಿ.

ರೈಲು ಬಂತು, ಹಣ ಬಂತು

ಹಾಟ್ ಸ್ಪ್ರಿಂಗ್ಸ್‌ನ 'ಹೋಮ್‌ಸ್ಟೆಡ್' ಹೋಟೆಲು ತನ್ನ ಚರಿತ್ರೆಯನ್ನು 1766ರಿಂದ ಲೆಕ್ಕ ಹಾಕುತ್ತದೆ. ಅದರ ನಸೀಬು ಖುಲಾಯಿಸಿದ್ದು 1890ರ ದಶಕದಲ್ಲಿ. ಬ್ಯಾಂಕುದೊರೆ ಜೆ. ಪಿ. ಮಾರ್ಗನ್ ಅಂಥವರ ಹಣ ಹರಿಯಿತು; ಕಣಿವೆಗೆ ರೈಲು ಬಂತು. 1901ರಲ್ಲಿ ಹೋಟೆಲು ಸುಟ್ಟು ಬೂದಿಯಾಯಿತು. ಮತ್ತೆ ಕಟ್ಟಿದರು. ಇಂದು ರೈಲಿಲ್ಲ, ಹೋಟೆಲು ಇದೆ.

1941ರ ಡಿಸೆಂಬರಿನಲ್ಲಿ ಜಪಾನ್ ಪರ್ಲ್ ಹಾರ್ಬರ್ ಮೇಲೆ ಬಾಂಬು ಹಾಕಿತಲ್ಲ? ವಾಷಿಂಗ್ಟನ್ನಿನಲ್ಲಿದ್ದ ಜಪಾನಿ ರಾಯಭಾರಿಗಳನ್ನು ಎಲ್ಲಿ ಕೂಡಿಹಾಕುವುದು ಎಂಬ ಪ್ರಶ್ನೆ ಬಂದಾಗ ಸರ್ಕಾರಕ್ಕೆ ನೆನಪಾದದ್ದು ಇದೇ ಹೋಟೆಲು. ಶತ್ರುಗಳಿಗೆ ಬಿಸಿನೀರಿನ ಸೆರೆಮನೆ! ಕೆಲವು ತಿಂಗಳ ನಂತರ ಅವರನ್ನು ಬೇರೆಡೆಗೆ ಸಾಗಿಸಿದರು.

44 ದೇಶ, ಒಂದು ತಟ್ಟೆ

ಈ ಸೀಮೆಯ ದೊಡ್ಡ ಕಥೆ ಬಂದದ್ದು 1943ರಲ್ಲಿ. ಮೇ 18ರಿಂದ ಜೂನ್ 3ರವರೆಗೆ ಅದೇ ಹೋಟೆಲಿನಲ್ಲಿ 44 ದೇಶಗಳ ಪ್ರತಿನಿಧಿಗಳು ಸೇರಿದರು. ಯುದ್ಧ ಮುಗಿದ ಮೇಲೆ ಜಗತ್ತಿಗೆ ಊಟ ಹಾಕುವುದು ಹೇಗೆ? ಇದೊಂದೇ ಚರ್ಚೆ. ಬಾಗಿಲಲ್ಲಿ ಮಿಲಿಟರಿ ಕಾವಲು, ಪತ್ರಕರ್ತರಿಗೆ ನಿರ್ಬಂಧ. ಆ ಮಾತುಕತೆಯ ಫಲವಾಗಿ 1945ರ ಅಕ್ಟೋಬರ್ 16ರಂದು ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ ಹುಟ್ಟಿತು. ವರ್ಷಾ ವರ್ಷಾ ಆ ದಿನ ವಿಶ್ವ ಆಹಾರ ದಿನ ಅಂತ ಆಚರಿಸುತ್ತೇವಲ್ಲ, ಅದರ ಬೇರು ಈ ಬುಗ್ಗೆಯ ಬುಡದಲ್ಲಿದೆ.

ಅಲ್ಲಿ ನಮ್ಮ ದೇಶದ ಪ್ರತಿನಿಧಿಗಳೂ ಇದ್ದರು. ಆದರೆ ಕಳಿಸಿದ್ದು ಬ್ರಿಟಿಷರ ಸರ್ಕಾರ. ಅತ್ತ ಹಸಿವಿಲ್ಲದ ಲೋಕದ ನಿರ್ಣಯಗಳು ಟೈಪಾಗುತ್ತಿದ್ದ ವರ್ಷವೇ ಇತ್ತ ಬಂಗಾಳದಲ್ಲಿ ಅಕ್ಕಿಯ ಬೆಲೆ ಬಡವನ ಕೈಗೆ ಸಿಗದಷ್ಟು ಏರಿತ್ತು. ಆ ಕ್ಷಾಮ ಮತ್ತು ಅದರ ಬೆನ್ನಿಗೆ ಬಂದ ರೋಗಗಳಿಗೆ ಬಲಿಯಾದವರು ಸುಮಾರು 30 ಲಕ್ಷ ಎಂಬುದು ಸಾಮಾನ್ಯವಾಗಿ ಹೇಳುವ ಅಂದಾಜು. ದಿನಸಿ ಅಂಗಡಿ ನಡೆಸುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಮೂಟೆ ಗೋಡೌನಿನಲ್ಲಿದ್ದರೆ ಹೊಟ್ಟೆ ತುಂಬುವುದಿಲ್ಲ. ಕೊಳ್ಳುವವನ ಜೇಬಿನಲ್ಲಿ ಕಾಸಿರಬೇಕು.

ಬೀಗ ಬಿದ್ದ ಕೊಳ

ಮುಂದೆಯೂ ನೀರೇ ಈ ಸೀಮೆಯ ಕೈ ಹಿಡಿಯಿತು. 1985ರಲ್ಲಿ ಇಲ್ಲಿ ದೊಡ್ಡ ವಿದ್ಯುತ್ ಸ್ಥಾವರ ಶುರುವಾಯಿತು. ಕರೆಂಟಿಗೆ ಬೇಡಿಕೆ ಕಡಿಮೆ ಇದ್ದಾಗ ಕೆಳಗಿನ ಕೆರೆಯ ನೀರನ್ನು ಬೆಟ್ಟದ ಮೇಲಿನ ಕೆರೆಗೆ ಏರಿಸುವುದು, ಬೇಡಿಕೆ ಬಂದಾಗ ಇಳಿಸಿ ಕರೆಂಟು ತೆಗೆಯುವುದು. ಸಾಮರ್ಥ್ಯ 3,003 ಮೆಗಾವಾಟ್. ಚೀನಾದ ಫೆಂಗ್‌ನಿಂಗ್ ಸ್ಥಾವರ ಹಿಂದೆ ಹಾಕುವವರೆಗೂ ಈ ಬಗೆಯಲ್ಲಿ ಜಗತ್ತಿಗೇ ದೊಡ್ಡದು.

ಆದರೆ ಹಳೆಯ ಸ್ನಾನಗೃಹಗಳ ಗತಿ? ಗಂಡಸರಿಗೊಂದು, ಹೆಂಗಸರಿಗೊಂದು, ಎರಡೂ ಮರದ ಕಟ್ಟಡ. ಮರ ಶಿಥಿಲವಾಗಿ 2017ರಲ್ಲಿ ಬೀಗ ಬಿತ್ತು. ಊರಿನವರು ಸುಮ್ಮನೆ ಕೂರಲಿಲ್ಲ, ದುರಸ್ತಿ ಮಾಡಿ ಅಂತ ದನಿ ಎತ್ತಿದರು. ಹೊಸ ಮರ, ಹೊಸ ಸೂರು ಕಂಡು 2022ರ ಡಿಸೆಂಬರಿನಲ್ಲಿ ಬಾಗಿಲು ತೆರೆಯಿತು. ಜೆಫರ್ಸನ್ ಹೆಸರು ಬದಿಗೆ ಸರಿದು 'ವಾರ್ಮ್ ಸ್ಪ್ರಿಂಗ್ಸ್' ಎಂಬ ಹಳೆಯ ಹೆಸರೇ ಬಂತು.

ಐದು ವರ್ಷ ಬಾಗಿಲು ಮುಚ್ಚಿದ್ದರೂ ಒಳಗೆ ಬುಗ್ಗೆ ಉಕ್ಕುತ್ತಲೇ ಇತ್ತು. ನೀರಿಗೆ ಬೀಗ ಗೊತ್ತಿಲ್ಲ. ಬೀಗ ಹಾಕುವವರೂ ನಾವೇ, ತೆಗೆಸುವವರೂ ನಾವೇ. ಅನ್ನದ ವಿಷಯಕ್ಕೂ ಈ ಮಾತು ಸಲ್ಲುತ್ತದೆ.