ಎಕರೆಗೆ ಎಷ್ಟು? ಭೂಪರಿಹಾರದ ಲೆಕ್ಕಾಚಾರ

ಊರ ಪಕ್ಕದಲ್ಲಿ ರಸ್ತೆಯೋ ನಾಲೆಯೋ ಬರುತ್ತದೆಂಬ ಸುದ್ದಿ ಹಬ್ಬಿದೊಡನೆ ಕಟ್ಟೆಯ ಮೇಲೆ ಏಳುವ ಪ್ರಶ್ನೆ ಒಂದೇ: 'ಎಕರೆಗೆ ಎಷ್ಟು ಕೊಡುತ್ತಾರಂತೆ?' ಸಂತೆಗೆ ಎತ್ತು ಹೊಡೆದುಕೊಂಡು ಹೋದವನು ಬೆಲೆ ಒಪ್ಪಿಗೆಯಾಗದಿದ್ದರೆ ಎತ್ತಿನೊಂದಿಗೆ ಮನೆಗೆ ಮರಳಬಹುದು. ಸರಕಾರ ಸಾರ್ವಜನಿಕ ಉದ್ದೇಶಕ್ಕೆಂದು ಸ್ವಾಧೀನಪಡಿಸಿಕೊಳ್ಳುವ ಜಮೀನಿನ ಒಡೆಯನಿಗೆ ಆ ಅವಕಾಶವಿಲ್ಲ. ಆದುದರಿಂದಲೇ ಅವನಿಗೆ ಸಲ್ಲಬೇಕಾದ ಬೆಲೆಯನ್ನು ಹೇಗೆ ಅಳೆಯಬೇಕೆಂದು ಕಾನೂನೇ ಹೇಳಬೇಕಾಗುತ್ತದೆ.

ನೂರಕ್ಕೂ ಹೆಚ್ಚು ವರ್ಷಗಳ ಕಾಲ ಈ ಕೆಲಸವನ್ನು ಬ್ರಿಟಿಷರ ಕಾಲದ 1894ರ ಭೂಸ್ವಾಧೀನ ಕಾಯಿದೆ ಮಾಡಿತು. ಮನಸ್ಸಿಲ್ಲದೆ ಭೂಮಿ ಬಿಡುವವನಿಗೆ ಮಾರುಕಟ್ಟೆ ಬೆಲೆಯ ಜೊತೆಗೆ 'ಸೊಲೇಶಿಯಂ' ಎಂಬ ಸಮಾಧಾನ ಧನ ಸಿಗುತ್ತಿತ್ತು. ಮೊದಲು ಶೇ. 15ರಷ್ಟಿದ್ದ ಇದು 1984ರ ತಿದ್ದುಪಡಿಯಿಂದ ಶೇ. 30 ಆಯಿತು. 2013ರಲ್ಲಿ ಸಂಸತ್ತು ಒಪ್ಪಿದ ಹೊಸ ಕಾಯಿದೆ 2014ರ ಜನವರಿ 1ರಿಂದ ಜಾರಿಗೆ ಬಂದಿತು. ಇದರಲ್ಲಿ ಸೊಲೇಶಿಯಂ ಶೇ. 100.

ಹಾಗಾದರೆ ಮಾರುಕಟ್ಟೆ ಬೆಲೆ ಎಂದರೇನು? ನೋಂದಣಿಗೆಂದು ಸರಕಾರ ಗೊತ್ತುಪಡಿಸಿದ ಮಾರ್ಗಸೂಚಿ ದರ ಒಂದು. ಅದೇ ಆಸುಪಾಸಿನಲ್ಲಿ, ಅದೇ ಬಗೆಯ ಜಮೀನಿಗೆ ಹಿಂದಿನ ಮೂರು ವರ್ಷಗಳಲ್ಲಿ ನೋಂದಣಿಯಾದ ಕ್ರಯಪತ್ರಗಳ ಸರಾಸರಿ ಇನ್ನೊಂದು. ಖುಷ್ಕಿಯನ್ನು ಖುಷ್ಕಿಯೊಂದಿಗೆ, ತರಿಯನ್ನು ತರಿಯೊಂದಿಗೆ ಹೋಲಿಸಬೇಕು. ಸರಾಸರಿಗೆ ಎಲ್ಲ ಪತ್ರಗಳನ್ನೂ ತೆಗೆದುಕೊಳ್ಳುವುದಿಲ್ಲ. ಹೆಚ್ಚು ಬೆಲೆಯ ಅರ್ಧದಷ್ಟನ್ನು ಮಾತ್ರ. ಎರಡರಲ್ಲಿ ಯಾವುದು ಹೆಚ್ಚೋ ಅದೇ ಮಾರುಕಟ್ಟೆ ಬೆಲೆ.

ಮಕ್ಕಳು ಕಾಗದ, ಪೆನ್ಸಿಲು ಹಿಡಿದು ಈ ಲೆಕ್ಕ ಮಾಡಿ ನೋಡಲಿ. ಒಂದು ಹಳ್ಳಿಯಲ್ಲಿ ಎಂಟು ಕ್ರಯಪತ್ರಗಳಿವೆ ಎಂದಿಟ್ಟುಕೊಳ್ಳಿ. ಎಕರೆಯ ಬೆಲೆ ಲಕ್ಷ ರೂಪಾಯಿಗಳಲ್ಲಿ 6, 7, 8, 9, 10, 11, 12 ಮತ್ತು 15. ಮೇಲಿನ ನಾಲ್ಕರ ಸರಾಸರಿ 12 ಲಕ್ಷ. ಮಾರ್ಗಸೂಚಿ ದರ 9 ಲಕ್ಷವಾದರೆ 12 ಲಕ್ಷವೇ ನಿಲ್ಲುತ್ತದೆ. ಗ್ರಾಮೀಣ ಪ್ರದೇಶದಲ್ಲಿ, ಪಟ್ಟಣದಿಂದ ಇರುವ ದೂರವನ್ನು ನೋಡಿ, ಇದನ್ನು 1ರಿಂದ 2ರವರೆಗಿನ ಒಂದು ಸಂಖ್ಯೆಯಿಂದ ಗುಣಿಸುತ್ತಾರೆ. ಅದು 1.5 ಆದರೆ 18 ಲಕ್ಷ. ಮರಗಳು, ಬಾವಿ, ಕಟ್ಟಡಗಳ ಬೆಲೆ 2 ಲಕ್ಷ ಕೂಡಿಸಿದರೆ 20 ಲಕ್ಷ. ಅಷ್ಟೇ ಸೊಲೇಶಿಯಂ ಸೇರಿದರೆ 40 ಲಕ್ಷ. ಇದಲ್ಲದೆ ಸಾಮಾಜಿಕ ಪರಿಣಾಮದ ಅಧ್ಯಯನಕ್ಕೆ ಅಧಿಸೂಚನೆ ಹೊರಟ ದಿನದಿಂದ ಐತೀರ್ಪಿನವರೆಗೆ ಅಥವಾ ಜಮೀನು ವಶಕ್ಕೆ ಹೋಗುವವರೆಗೆ, ಯಾವುದು ಮೊದಲೋ ಅಲ್ಲಿಯವರೆಗೆ, ಮಾರುಕಟ್ಟೆ ಬೆಲೆಯ ಮೇಲೆ ವರ್ಷಕ್ಕೆ ಶೇ. 12 ಸೇರುತ್ತದೆ.

ಲೆಕ್ಕವೇನೋ ಉದಾರವಾಗಿದೆ. ಆದರೆ ಸವೆದ ಸೇರಿನಿಂದ ಎಷ್ಟು ಸಲ ಅಳೆದರೂ ಭತ್ತದ ಲೆಕ್ಕ ಸರಿಯಾದೀತೆ? ಇಲ್ಲಿ ಅಳತೆಯ ಸೇರು ಕ್ರಯಪತ್ರ. ಎಕರೆಗೆ 20 ಲಕ್ಷ ಕೈಬದಲಾಗಿ, ಮುದ್ರಾಂಕ ಶುಲ್ಕ ಉಳಿಸಲೆಂದು ಪತ್ರದಲ್ಲಿ 12 ಲಕ್ಷ ಬರೆಸುವ ರೂಢಿ ಇದ್ದ ಊರಿನಲ್ಲಿ ಏನಾಗುತ್ತದೆ? 8 ಲಕ್ಷದ ಆ ವ್ಯತ್ಯಾಸ 1.5ರಿಂದ ಗುಣಿಸಿ 12 ಲಕ್ಷವಾಗಿ, ಸೊಲೇಶಿಯಂ ಸೇರುವಾಗ 24 ಲಕ್ಷವಾಗುತ್ತದೆ. ಎಕರೆಗೆ ಅಷ್ಟು ನಷ್ಟ! ಅದೂ ಪತ್ರ ಬರೆಸಿದವನೊಬ್ಬನಿಗಲ್ಲ, ಏನೂ ಮಾರದೆ ಉತ್ತುಕೊಂಡಿದ್ದ ನೆರೆಯವನಿಗೂ ಕೂಡ.

ಸೇರಿನಷ್ಟೇ ಮುಖ್ಯವಾದುದು ಅಳೆಯುವ ದಿನ. ಹೊಸ ಕಾಯಿದೆಯಲ್ಲಿ ಅದು ಪ್ರಾಥಮಿಕ ಅಧಿಸೂಚನೆಯ ದಿನ. ತಡವಾದರೆ ಆಗುವ ಅನ್ಯಾಯಕ್ಕೆ ನಮ್ಮ ರಾಜ್ಯದಲ್ಲೇ ಉದಾಹರಣೆಯಿದೆ. ಬೆಂಗಳೂರು-ಮೈಸೂರು ಮೂಲಸೌಕರ್ಯ ಕಾರಿಡಾರ್ ಯೋಜನೆಗೆ 2003ರಲ್ಲಿ ಅಧಿಸೂಚನೆ ಹೊರಟು, 2005ರಲ್ಲಿ ಕೆಲವು ನಿವೇಶನದಾರರ ಆಸ್ತಿ ವಶವಾಯಿತು. ಐತೀರ್ಪು ಬಂದದ್ದು 2019ರಲ್ಲಿ. ಅದಕ್ಕೂ ಆಧಾರ 2011ರ ಮಾರ್ಗಸೂಚಿ ದರ. ಅವರು ಸುಪ್ರೀಂ ಕೋರ್ಟಿನವರೆಗೆ ಹೋದರು. 2019ರ ಏಪ್ರಿಲ್ 22ರಂದು ಇದ್ದ ಮಾರುಕಟ್ಟೆ ಬೆಲೆಯಂತೆ ಪರಿಹಾರ ನಿಗದಿ ಮಾಡಬೇಕೆಂದು ಕೋರ್ಟು 2025ರ ಜನವರಿ 2ರಂದು ಆದೇಶಿಸಿತು. ಆಸ್ತಿಯ ಹಕ್ಕು ಈಗ ಮೂಲಭೂತ ಹಕ್ಕಲ್ಲದಿದ್ದರೂ ಸಂವಿಧಾನದ 300-ಎ ವಿಧಿಯ ರಕ್ಷಣೆ ಅದಕ್ಕಿದೆ ಎಂಬುದನ್ನು ಈ ತೀರ್ಪು ನೆನಪಿಸಿತು.

ಪರಿಹಾರ ಕಡಿಮೆಯೆನಿಸಿದವರು ಸುಮ್ಮನಿರಬೇಕಾಗಿಲ್ಲ. 2013ರ ಕಾಯಿದೆಯಂತೆ ಹಣ ಪಡೆಯುವಾಗಲೇ 'ಆಕ್ಷೇಪಣೆಯೊಂದಿಗೆ ಸ್ವೀಕರಿಸಿದೆ' ಎಂದು ಬರೆದು ಸಹಿ ಮಾಡಬೇಕು. ಹಾಗೆ ಬರೆಯದೆ ಹಣ ಪಡೆದವರಿಗೆ ಮುಂದೆ ಕೇಳುವ ಹಕ್ಕಿರುವುದಿಲ್ಲ. ಐತೀರ್ಪಿನ ವೇಳೆ ಹಾಜರಿದ್ದವರು ಆರು ವಾರಗಳೊಳಗೆ ಅರ್ಜಿ ಕೊಟ್ಟರೆ ವಿಷಯ ಪ್ರಾಧಿಕಾರದ ಮುಂದೆ ಹೋಗುತ್ತದೆ. ಪಹಣಿಯಲ್ಲಿ ಬೆಳೆಯ ಹೆಸರು, ವಿಸ್ತೀರ್ಣ ಸರಿಯಾಗಿವೆಯೇ, ಮಹಜರಿನಲ್ಲಿ ಮರಗಳೆಲ್ಲ ಎಣಿಕೆಯಾದವೇ ಎಂದು ಮೊದಲೇ ನೋಡಿಕೊಳ್ಳುವುದು ಜಾಣತನ. ಓದು ಬಾರದ ಹಿರಿಯರಿರುವ ಮನೆಯಲ್ಲಿ ಶಾಲೆಗೆ ಹೋಗುವ ಮಕ್ಕಳೇ ಈ ಕಾಗದಗಳನ್ನು ಓದಿ ಹೇಳಬಹುದು.

ನ್ಯಾಯವಾದ ಬೆಲೆ ಐತೀರ್ಪಿನ ದಿನ ಹುಟ್ಟುವುದಿಲ್ಲ. ಅದರ ಬೀಜ ಬೀಳುವುದು ವರ್ಷಗಳ ಹಿಂದೆ, ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನಿಜವಾದ ಬೆಲೆಯನ್ನು ಬರೆಸಿದ ದಿನ.