ಐತೀರ್ಪಿನ ಬಡ್ಡಿಯನ್ನು ನ್ಯಾಯಾಲಯ ತಿದ್ದಬಹುದೆ?



ಕಟ್ಟಡ, ಕಾಲುವೆಗಳ ಗುತ್ತಿಗೆ ವ್ಯಾಜ್ಯಗಳಲ್ಲಿ ಅಸಲಿಗಿಂತ ಬಡ್ಡಿಯೇ ಹಿರಿದಾಗುವುದುಂಟು. ಒಂದು ಕೋಟಿ ರೂಪಾಯಿಗೆ ಶೇಕಡ 18ರಂತೆ ಹತ್ತು ವರ್ಷಗಳ ಸರಳಬಡ್ಡಿ 1.80 ಕೋಟಿ, ಶೇಕಡ 9 ಆದರೆ 90 ಲಕ್ಷ. ಮಧ್ಯಸ್ಥಗಾರರು ಐತೀರ್ಪಿನಲ್ಲಿ ವಿಧಿಸಿದ ಈ ದರವನ್ನು ನ್ಯಾಯಾಲಯ ಇಳಿಸಬಹುದೆ?

ಭಾರತದ 1996ರ ಮಧ್ಯಸ್ಥಿಕೆ ಕಾಯಿದೆಯ 34ನೆಯ ಕಲಮು ಐತೀರ್ಪನ್ನು ರದ್ದುಪಡಿಸುವ ಬಗೆಯನ್ನು ಹೇಳುತ್ತದೆ. ತಿದ್ದುವ ಮಾತು ಅಲ್ಲಿಲ್ಲ. ಆದರೂ ನಮ್ಮ ನಾಡಿನ ಕೃಷ್ಣಾ ಭಾಗ್ಯ ಜಲ ನಿಗಮದ ಗುತ್ತಿಗೆ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು, ದೇಶದಲ್ಲಿ ಬಡ್ಡಿದರಗಳು ಇಳಿದಿವೆಯೆಂದು, 2007ರಲ್ಲಿ ಶೇಕಡ 18ನ್ನು 9ಕ್ಕೆ ತಂದಿತು. 2021ರಲ್ಲಿ ಅದೇ ನ್ಯಾಯಾಲಯ, ತಿದ್ದುವ ಅಧಿಕಾರವೇ ಇಲ್ಲವೆಂದಿತು. 2025ರ ಏಪ್ರಿಲ್ 30ರಂದು ಸಂವಿಧಾನ ಪೀಠದ ಐವರಲ್ಲಿ ನಾಲ್ವರು ನಡುದಾರಿ ಹಿಡಿದರು: ಐತೀರ್ಪಿನ ನಂತರದ ಬಡ್ಡಿಯನ್ನು ಸಕಾರಣವಿದ್ದರೆ ತಿದ್ದಬಹುದು, ವಿಚಾರಣಾ ಕಾಲದ ಬಡ್ಡಿಯನ್ನು ತಿದ್ದಲಾಗದು, ರದ್ದುಪಡಿಸಬೇಕು ಇಲ್ಲವೇ ಮಧ್ಯಸ್ಥಗಾರರಿಗೇ ಮರಳಿಸಬೇಕು.

ಒಪ್ಪಂದವೇ ಬಡ್ಡಿಯನ್ನು ನಿಷೇಧಿಸಿದ್ದರೆ, ಐತೀರ್ಪಿನ ದಿನದವರೆಗಿನ ಬಡ್ಡಿಯನ್ನು ಮಧ್ಯಸ್ಥಗಾರರೂ ಕೊಡಲಾರರು. ದೂರದಲ್ಲಿದ್ದು ಊರಿನಲ್ಲಿ ಮನೆ ಕಟ್ಟಿಸುವ ನಾವು, ಸಹಿ ಹಾಕುವ ಮುನ್ನ ಆ ಒಂದು ಷರತ್ತನ್ನು ಓದಿಕೊಳ್ಳುವುದು ಲೇಸು.